ಮುಂದಿನ ವರ್ಷನ್‌ನಿಂದ ನಮ್ಮ ಡಿಎಲ್‌ಎಲ್ ಫೈಲ್‌ಗಳ ಜಾಗ ಬದಲಾಗುತ್ತದೆ

ಎಲ್ಲ ಗ್ರಾಹಕರಿಗೂ ನಮಸ್ಕಾರ,

ಮುಂದಿನ ವರ್ಷನ್‌ನಿಂದ ನಮ್ಮ ಸ್ಕ್ಯಾನಿಂಗ್ ಸಾಫ್ಟ್‌ವೇರ್ ತನ್ನ ಡಿಎಲ್‌ಎಲ್ ಫೈಲ್‌ಗಳನ್ನು, ಅಂದರೆ ಓಡುವಾಗ ಅದು ಕರೆಸಿಕೊಳ್ಳುವ ಕೋಡ್ ಇರುವ ಫೈಲ್‌ಗಳನ್ನು, ವಿಂಡೋಸ್ ತನ್ನ ಫೈಲ್‌ಗಳನ್ನು ಇಡುವ ಸಿಸ್ಟಮ್32 ಫೋಲ್ಡರ್‌ಗೆ ಹಾಕುವುದಿಲ್ಲ. ಅವೆಲ್ಲ ಸಾಫ್ಟ್‌ವೇರ್ ಇರುವ ಫೋಲ್ಡರ್‌ನಲ್ಲೇ ಇರುತ್ತವೆ. ನಿಮ್ಮ ಕಡೆಯಿಂದ ಆಗಬೇಕಾದ ಕೆಲಸ ಕಡಿಮೆ, ಅದನ್ನು ಕೊನೆಯಲ್ಲಿ ಬರೆದಿದ್ದೇವೆ. ಆದರೆ ಇಷ್ಟು ವರ್ಷ ನಡೆದುಕೊಂಡು ಬಂದದ್ದನ್ನು ಯಾಕೆ ಬದಲಾಯಿಸುತ್ತಿದ್ದೇವೆ ಅನ್ನುವುದನ್ನು ಮೊದಲು ಹೇಳಬೇಕು. ನಿಮ್ಮಲ್ಲಿ ಕೆಲವರಿಗೆ ಇದರಿಂದ ತೊಂದರೆ ಆಗಿದೆ, ಅದರಲ್ಲಿ ನಮ್ಮ ತಪ್ಪೂ ಇದೆ.

ಇತ್ತೀಚೆಗೆ ಒಬ್ಬ ಗ್ರಾಹಕರು ಫೋನ್ ಮಾಡಿದರು. ಹಿಂದಿನ ಸಂಜೆವರೆಗೂ ಸಾಫ್ಟ್‌ವೇರ್ ಚೆನ್ನಾಗಿಯೇ ಇತ್ತು. ಬೆಳಿಗ್ಗೆ ಐಕಾನ್ ಮೇಲೆ ಕ್ಲಿಕ್ ಮಾಡಿದರೆ ಒಂದು ಚಿಕ್ಕ ಬಾಕ್ಸ್ ಬಂತು: ಝಡ್‌ಲಿಬ್1 ಡಾಟ್ ಡಿಎಲ್‌ಎಲ್ ಸಿಗುತ್ತಿಲ್ಲ, ಪ್ರೋಗ್ರಾಮ್ ಮತ್ತೆ ಇನ್‌ಸ್ಟಾಲ್ ಮಾಡಿ ನೋಡಿ. ನಡುವೆ ಏನು ಮಾಡಿದ್ರಿ ಅಂತ ಕೇಳಿದಾಗ, ಬೇಡದ ಒಂದು ಹಳೆಯ ಪ್ರೋಗ್ರಾಮ್ ತೆಗೆದು ಹಾಕಿದೆ ಅಂದರು. ತೆಗೆಯುವಾಗ ಅದು ಒಂದು ಪ್ರಶ್ನೆ ಕೇಳಿತ್ತಂತೆ. ಹಂಚಿಕೊಂಡ ಈ ಫೈಲನ್ನು ಈಗ ಯಾವ ಪ್ರೋಗ್ರಾಮೂ ಬಳಸುತ್ತಿಲ್ಲ, ಅಳಿಸಲೇ? ಅವರು ಹೌದು ಒತ್ತಿದರು. ಯಾರಾದರೂ ಅದನ್ನೇ ಒತ್ತುತ್ತಿದ್ದರು, ಅಲ್ವಾ? ಯಾರೂ ಬಳಸುತ್ತಿಲ್ಲ ಅಂತ ಕಂಪ್ಯೂಟರೇ ಹೇಳುತ್ತಿದೆ.

ಆದರೆ ನಾವು ಬಳಸುತ್ತಿದ್ದೆವು. ಇಂಥ ಹಂಚಿಕೊಂಡ ಫೈಲ್‌ಗಳಿಗೆ ವಿಂಡೋಸ್ ತನ್ನ ಸೆಟ್ಟಿಂಗ್ಸ್ ಬರೆದಿಡುವ ರಿಜಿಸ್ಟ್ರಿಯಲ್ಲಿ ಶೇರ್ಡ್‌ಡಿಎಲ್‌ಎಲ್ಸ್ ಅಂತ ಒಂದು ಲೆಕ್ಕ ಇರುತ್ತದೆ. ಇನ್‌ಸ್ಟಾಲ್ ಆಗುವ ಪ್ರತಿ ಪ್ರೋಗ್ರಾಮ್ ಅಲ್ಲಿ ಒಂದು ಕೂಡಿಸಬೇಕು, ಹೋಗುವಾಗ ಒಂದು ಕಳೆಯಬೇಕು. ಲೆಕ್ಕ ಸೊನ್ನೆಗೆ ಬಂದರೆ ಆ ಪ್ರಶ್ನೆ ಬರುತ್ತದೆ. ನಮ್ಮ ಹಳೆಯ ಇನ್‌ಸ್ಟಾಲರ್, ಫೈಲ್ ಅಲ್ಲಿ ಮೊದಲೇ ಇದ್ದರೆ, ಒಂದು ಕೂಡಿಸದೆ ಸುಮ್ನೆ ಮುಂದೆ ಹೋಗುತ್ತಿತ್ತು. ತಪ್ಪು ಅಲ್ಲಿಂದಲೇ ಶುರುವಾಗಿದ್ದು. ಅದಕ್ಕೆ ಕ್ಷಮೆ ಕೇಳುತ್ತೇವೆ.

ನಮಗೆ ಫೋನ್ ಮಾಡುವ ಮೊದಲು ಅವರು ಫೈಲ್ ಹೆಸರನ್ನು ನೆಟ್‌ನಲ್ಲಿ ಹುಡುಕಿ, ಯಾವುದೋ ಸೈಟಿನಿಂದ ಇಳಿಸಿಕೊಂಡು, ಸಿಸ್ಟಮ್32ಗೆ ಹಾಕಿದ್ದರು. ಆಗ ಮೆಸೇಜ್ ಬದಲಾಯಿತು, 0ಎಕ್ಸ್‌ಸಿ000007ಬಿ ಅನ್ನುವ ಸಂಖ್ಯೆ ಬಂತು. ನಮ್ಮದು 64 ಬಿಟ್ ಪ್ರೋಗ್ರಾಮ್, ಅವರು ತಂದ ಫೈಲ್ 32 ಬಿಟ್‌ದು. ಎರಡೂ ಒಂದೇ ಪ್ರೋಗ್ರಾಮಿನೊಳಗೆ ಸೇರುವುದಿಲ್ಲ. ಅದೂ ಅಲ್ಲದೆ 64 ಬಿಟ್ ವಿಂಡೋಸ್‌ನಲ್ಲಿ ಸಿಸ್ಟಮ್32 ಅನ್ನುವ ಫೋಲ್ಡರ್‌ನಲ್ಲಿ ಇರುವುದು 64 ಬಿಟ್ ಫೈಲ್‌ಗಳು, 32 ಬಿಟ್‌ನವು ಇರುವುದು ಸಿಸ್‌ವಾವ್64 ಅನ್ನುವ ಇನ್ನೊಂದು ಫೋಲ್ಡರ್‌ನಲ್ಲಿ. ಹೆಸರು ನೋಡಿದರೆ ಉಲ್ಟಾ ಅನ್ನಿಸುತ್ತದೆ, ಆದರೆ ಇರುವುದು ಹಾಗೆಯೇ. ಬಳಸುವವರು ಇದನ್ನೆಲ್ಲ ತಿಳಿದುಕೊಂಡಿರಬೇಕು ಅನ್ನುವುದು ನ್ಯಾಯವಲ್ಲ. ಅವರ ಅರ್ಧ ದಿನ ಹಾಳಾಯಿತು.

ಡಿಎಲ್‌ಎಲ್ ಅಂದರೆ ಏನು ಅಂತಲೂ ಸ್ವಲ್ಪ ಹೇಳುತ್ತೇವೆ. ಯಾವ ಸಾಫ್ಟ್‌ವೇರನ್ನೂ ಒಬ್ಬರೇ ಪೂರ್ತಿ ಬರೆಯುವುದಿಲ್ಲ. ಫೈಲನ್ನು ಕುಗ್ಗಿಸುವುದು, ಚಿತ್ರವನ್ನು ಓದುವುದು, ಇಂಥ ಕೆಲಸಗಳನ್ನು ಬೇರೆಯವರು ಚೆನ್ನಾಗಿ ಬರೆದು ಇಟ್ಟಿರುತ್ತಾರೆ, ಅದನ್ನು ಲೈಬ್ರರಿ ಅನ್ನುತ್ತಾರೆ. ಆ ಕೋಡನ್ನು ನಮ್ಮ ಪ್ರೋಗ್ರಾಮಿನೊಳಗೇ ಬೆರೆಸಬಹುದು, ಇಲ್ಲವೇ ಬೇರೆ ಫೈಲಾಗಿ ಇಟ್ಟು, ಓಡುವಾಗ ಕರೆಸಿಕೊಳ್ಳಬಹುದು. ಆ ಬೇರೆ ಫೈಲೇ ಡಿಎಲ್‌ಎಲ್. ಲಿನಕ್ಸ್‌ನಲ್ಲಿ ಎಸ್ಒ, ಮ್ಯಾಕ್‌ನಲ್ಲಿ ಡಿಲಿಬ್ ಅನ್ನುವ ಫೈಲ್‌ಗಳು ಮಾಡುವುದೂ ಇದೇ ಕೆಲಸ. ವಿಂಡೋಸ್ 1985ರ ತನ್ನ ಮೊದಲ ವರ್ಷನ್‌ನಿಂದಲೂ ಈ ದಾರಿಯಲ್ಲೇ ಇದೆ. ಆಗ ಮೆಮೊರಿ ಬಹಳ ಕಡಿಮೆ ಇತ್ತು, ಒಂದೇ ಕೋಡ್ ಹತ್ತು ಪ್ರೋಗ್ರಾಮ್‌ಗಳಿಗೆ ಆಗಿಬರುವುದು ದೊಡ್ಡ ಉಳಿತಾಯ. ಈಗಲೂ ಕರ್ನಲ್32, ಯೂಸರ್32 ತರಹದ ವಿಂಡೋಸ್‌ನದೇ ಫೈಲ್‌ಗಳನ್ನು ಎಲ್ಲ ಪ್ರೋಗ್ರಾಮ್‌ಗಳೂ ಹಂಚಿಕೊಳ್ಳುತ್ತವೆ, ಅದು ಸರಿಯಾಗಿಯೇ ಇದೆ.

ಕಷ್ಟ ಬರುವುದು ಬೇರೆಯವರ ಫೈಲ್‌ಗಳಲ್ಲಿ. ಹೆಸರು ಒಂದೇ, ವರ್ಷನ್ ಬೇರೆ. 1990ರ ದಶಕದಲ್ಲಿ ಒಂದು ಪ್ರೋಗ್ರಾಮ್ ಹಾಕಿದರೆ ಅದು ತನ್ನ ಹಳೆಯ ಫೈಲನ್ನು ಹೊಸದರ ಮೇಲೆ ಬರೆದು, ಇನ್ನೊಂದು ಪ್ರೋಗ್ರಾಮ್ ಕೆಟ್ಟು ಕೂರುತ್ತಿತ್ತು. ಇದು ಎಷ್ಟು ಜಾಸ್ತಿ ಆಗಿತ್ತೆಂದರೆ ಡಿಎಲ್‌ಎಲ್ ಹೆಲ್ ಅನ್ನುವ ಹೆಸರೇ ಬಂತು. ವಿಂಡೋಸ್ 2000ದಲ್ಲಿ ವಿಂಡೋಸ್ ತನ್ನ ಸ್ವಂತ ಫೈಲ್‌ಗಳನ್ನು ಕಾಪಾಡಿಕೊಳ್ಳಲು ಶುರು ಮಾಡಿತು, ಯಾರಾದರೂ ಬದಲಾಯಿಸಿದರೆ ಹಳೆಯದನ್ನು ವಾಪಸ್ ತಂದಿಡುತ್ತಿತ್ತು. ನಾವು ತಂದು ಹಾಕಿದ ಫೈಲ್‌ಗಳಿಗೆ ಆ ಕಾವಲು ಇಲ್ಲ.

ಪರಿಹಾರ ಕಣ್ಣೆದುರೇ ಇತ್ತು. ಪ್ರೋಗ್ರಾಮ್ ಒಂದು ಡಿಎಲ್‌ಎಲ್ ಕೇಳಿದಾಗ ವಿಂಡೋಸ್, ತನ್ನದೇ ಕೆಲವು ಫೈಲ್‌ಗಳನ್ನು ಬಿಟ್ಟರೆ, ಸಾಮಾನ್ಯವಾಗಿ ಮೊದಲು ಹುಡುಕುವುದು ಆ ಪ್ರೋಗ್ರಾಮ್ ಇರುವ ಫೋಲ್ಡರ್‌ನಲ್ಲಿ. ಸಿಸ್ಟಮ್32 ಆಮೇಲೆ. ಹಾಗಾಗಿ ನಮ್ಮ ಫೈಲ್ ನಮ್ಮ ಪಕ್ಕದಲ್ಲೇ ಇದ್ದರೆ ಮೊದಲು ಅದೇ ಸಿಗುತ್ತದೆ. ಬೇರೆಯವರು ಏನು ಹಾಕಿದರೂ ತೆಗೆದರೂ ನಮಗೆ ತಟ್ಟುವುದಿಲ್ಲ, ನಮ್ಮಿಂದ ಬೇರೆಯವರಿಗೂ ತೊಂದರೆ ಇಲ್ಲ.

ಇದರಲ್ಲಿ ನಷ್ಟವೂ ಇದೆ. ಡಿಸ್ಕ್‌ನಲ್ಲಿ ಸ್ವಲ್ಪ ಜಾಸ್ತಿ ಜಾಗ ಹೋಗುತ್ತದೆ, ಅದು ದೊಡ್ಡ ವಿಷಯವಲ್ಲ. ದೊಡ್ಡದು ಸೆಕ್ಯುರಿಟಿ. ಎಲ್ಲರೂ ಒಂದೇ ಫೈಲ್ ಬಳಸಿದರೆ ಅದನ್ನು ಒಮ್ಮೆ ಸರಿಮಾಡಿದರೆ ಸಾಕು. ಪ್ರತಿಯೊಬ್ಬರೂ ತಮ್ಮ ಪ್ರತಿ ಇಟ್ಟುಕೊಂಡರೆ ಪ್ರತಿಯೊಬ್ಬರೂ ಸರಿಮಾಡಬೇಕು. 2023ರ ಸೆಪ್ಟೆಂಬರ್‌ನಲ್ಲಿ ಚಿತ್ರ ಓದುವ ಲಿಬ್‌ವೆಬ್‌ಪಿ ಲೈಬ್ರರಿಯಲ್ಲಿ ಗಂಭೀರ ದೋಷ ಸಿಕ್ಕಾಗ ಆಗಿದ್ದು ಇದೇ. ಕ್ರೋಮ್, ಫೈರ್‌ಫಾಕ್ಸ್, ಇನ್ನೂ ಎಷ್ಟೋ ಡೆಸ್ಕ್‌ಟಾಪ್ ಪ್ರೋಗ್ರಾಮ್‌ಗಳು ಒಂದೊಂದಾಗಿ ಅಪ್‌ಡೇಟ್ ಕೊಡಬೇಕಾಯಿತು, ಯಾಕೆಂದರೆ ಎಲ್ಲರ ಹೊಟ್ಟೆಯಲ್ಲೂ ಅವರವರದೇ ಪ್ರತಿ ಇತ್ತು. ನಮಗೂ ಈಗ ಆ ಹೊಣೆ ಬರುತ್ತದೆ. ನಾವು ಬಳಸುವ ಯಾವುದೇ ಲೈಬ್ರರಿಗೆ ಸೆಕ್ಯುರಿಟಿ ತಿದ್ದುಪಡಿ ಬಂದರೆ, ಹೊಸ ಫೀಚರ್‌ಗಳಿಗಾಗಿ ಕಾಯದೆ, ಅದಕ್ಕೇ ಅಂತ ಅಪ್‌ಡೇಟ್ ಕೊಡುತ್ತೇವೆ. ಯಾವ ಲೈಬ್ರರಿಯ ಯಾವ ವರ್ಷನ್ ಇದೆ ಅನ್ನುವುದು ಇನ್ನು ಮುಂದೆ ಅಬೌಟ್ ವಿಂಡೋದಲ್ಲೇ ಕಾಣುತ್ತದೆ. ದಯವಿಟ್ಟು ಅಪ್‌ಡೇಟ್‌ಗಳನ್ನು ಮುಂದಕ್ಕೆ ತಳ್ಳಬೇಡಿ.

ಒಂದನ್ನು ಮಾತ್ರ ಹಂಚಿಕೆಯಲ್ಲೇ ಬಿಟ್ಟಿದ್ದೇವೆ. ಎಂಎಸ್‌ವಿಸಿಪಿ140, ವಿಸಿರನ್‌ಟೈಮ್140 ಅನ್ನುವ ಫೈಲ್‌ಗಳು ಸಿ++ ಭಾಷೆಯಲ್ಲಿ ಬರೆದ ಪ್ರೋಗ್ರಾಮ್‌ಗಳು ಓಡಲು ಬೇಕಾದ, ಮೈಕ್ರೋಸಾಫ್ಟ್‌ನ ವಿಷುಯಲ್ ಸಿ++ ಪ್ಯಾಕೇಜ್‌ನವು. ಇವನ್ನೂ ನಮ್ಮ ಫೋಲ್ಡರ್‌ಗೆ ತರೋಣ ಅಂತ ತಂಡದಲ್ಲಿ ಒಬ್ಬರು ಗಟ್ಟಿಯಾಗಿ ವಾದಿಸಿದರು. ಕೊನೆಗೆ ಬೇಡ ಅಂದುಕೊಂಡೆವು. ಇವನ್ನು ಮೈಕ್ರೋಸಾಫ್ಟೇ ನೋಡಿಕೊಳ್ಳುತ್ತದೆ, ಪ್ರೋಗ್ರಾಮ್ ಬರೆಯಲು ಬಳಸುವ ಅವರ ವಿಷುಯಲ್ ಸ್ಟುಡಿಯೋದ 2015ರ ವರ್ಷನ್‌ನಿಂದ 2022ರದರವರೆಗೆ ಇದೇ ಒಂದು ಸೆಟ್ ನಡೆಯುತ್ತದೆ, ಹೊಸದು ಬಂದರೂ ಹಳೆಯ ಪ್ರೋಗ್ರಾಮ್‌ಗಳು ಕೆಲಸ ಮಾಡುತ್ತವೆ. ನಮ್ಮ ಇನ್‌ಸ್ಟಾಲರ್ ಅದು ಇದೆಯಾ ಅಂತ ನೋಡಿ, ಇಲ್ಲದಿದ್ದರೆ ತಾನೇ ಹಾಕುತ್ತದೆ. ನಿಮ್ಮ ಪ್ರೋಗ್ರಾಮ್‌ಗಳ ಪಟ್ಟಿಯಲ್ಲಿ ವಿಷುಯಲ್ ಸಿ++ ಅಂತ ಬೇರೆ ಬೇರೆ ವರ್ಷದ ನಾಲ್ಕಾರು ಹೆಸರು ಕಾಣಬಹುದು. ಜಾಗ ಉಳಿಸಲು ಅವನ್ನು ತೆಗೆಯಬೇಡಿ, ಒಂದೊಂದರ ಮೇಲೂ ಯಾವುದಾದರೂ ಪ್ರೋಗ್ರಾಮ್ ನಿಂತಿರಬಹುದು.

ಈಗ ನೀವು ಮಾಡಬೇಕಾದ್ದು. ಸಾಫ್ಟ್‌ವೇರ್ ಮುಚ್ಚಿ, ಹೊಸ ಇನ್‌ಸ್ಟಾಲರನ್ನು ಅಡ್ಮಿನ್ ಆಗಿ ಓಡಿಸಿ. ಸ್ಕ್ಯಾನ್ ಮಾಡಿಟ್ಟ ಫೈಲ್‌ಗಳು, ಸೆಟ್ಟಿಂಗ್ಸ್ ಯಾವುದೂ ಬದಲಾಗುವುದಿಲ್ಲ. ಅದು ತೋರಿಸುವ ಪ್ರೋಗ್ರಾಮ್ ಫೈಲ್ಸ್ ಫೋಲ್ಡರ್‌ನಲ್ಲೇ ಇರಲಿ, ಡೆಸ್ಕ್‌ಟಾಪ್‌ಗೋ ಡೌನ್‌ಲೋಡ್ಸ್‌ಗೋ ಹಾಕಬೇಡಿ. ಪಕ್ಕದಲ್ಲಿರುವ ಡಿಎಲ್‌ಎಲ್ ಮೊದಲು ಸಿಗುತ್ತದೆ ಅಂದೆವಲ್ಲ, ಕೆಟ್ಟ ಫೈಲೊಂದು ಬಂದು ಪಕ್ಕದಲ್ಲಿ ಕೂತರೂ ಅದೇ ಮೊದಲು ಸಿಗುತ್ತದೆ. ಪ್ರೋಗ್ರಾಮ್ ಫೈಲ್ಸ್‌ಗೆ ಅಡ್ಮಿನ್ ಅನುಮತಿ ಇಲ್ಲದೆ ಬರೆಯಲು ಆಗುವುದಿಲ್ಲ, ಹಾಗಾಗಿ ಅಲ್ಲಿ ಆ ಭಯ ಕಡಿಮೆ.

ಸಿಸ್ಟಮ್32ರಲ್ಲಿ ನಾವು ಹಿಂದೆ ಹಾಕಿದ ಫೈಲ್‌ಗಳನ್ನು ನಾವು ಅಳಿಸುವುದಿಲ್ಲ, ನೀವೂ ಅಳಿಸಬೇಡಿ. ಬೇರೆ ಪ್ರೋಗ್ರಾಮ್ ಯಾವುದಾದರೂ ಅವನ್ನು ನಂಬಿಕೊಂಡಿರಬಹುದು. ಆದರೆ ನೆಟ್‌ನಿಂದ ಇಳಿಸಿದ ಡಿಎಲ್‌ಎಲ್ ಎಲ್ಲಾದರೂ ಹಾಕಿದ್ದರೆ ನಮಗೆ ಹೇಳಿ, ಜೊತೆಗೆ ಕೂತು ತೆಗೆಯೋಣ. ಡಿಎಲ್‌ಎಲ್ ಚಿತ್ರದಂಥ ಫೈಲಲ್ಲ, ಅದು ಓಡುವ ಕೋಡ್. ಅದನ್ನು ಕರೆದ ಪ್ರೋಗ್ರಾಮಿಗೆ ಏನೇನು ಮುಟ್ಟುವ ಅಧಿಕಾರ ಇದೆಯೋ ಅದಕ್ಕೂ ಅಷ್ಟೇ ಇರುತ್ತದೆ.

ಇನ್‌ಸ್ಟಾಲ್ ಆದ ಮೇಲೂ ಯಾವುದೋ ಫೈಲ್ ಸಿಗುತ್ತಿಲ್ಲ ಅಂತ ಮೆಸೇಜ್ ಬಂದರೆ, ಒಂದು ಸ್ಕ್ರೀನ್‌ಶಾಟ್ ತೆಗೆದು ಮಾಮೂಲಿ ಸಪೋರ್ಟ್ ಇಮೇಲ್‌ಗೆ ಕಳಿಸಿ. ಫೈಲ್ ಹೆಸರು ಪೂರ್ತಿ ಕಾಣುವಂತಿರಲಿ. ಉತ್ತರ ಬರುವವರೆಗೆ ಬೇರೇನೂ ಮಾಡಬೇಡಿ.

ನಿಮ್ಮ ಸಪೋರ್ಟ್ ತಂಡ