ಗೆಳೆಯನಿಗೊಂದು ಪತ್ರ: ಅಲನ್ ಪೇಜ್ ಅವರ ಸೊಟ್ಟ ಕಿರುಬೆರಳು

ಪ್ರಿಯ ಗೆಳೆಯ,

ನಿನ್ನ ಪತ್ರ ಕೈಸೇರಿ ಮೂರು ವಾರವಾಯಿತು, ಉತ್ತರ ತಡವಾದದ್ದಕ್ಕೆ ಬೇಸರಿಸಬೇಡ. ನಿದ್ದೆಗೆಟ್ಟು ಅಮೆರಿಕನ್ ಫುಟ್‌ಬಾಲ್ ಪಂದ್ಯವೊಂದನ್ನು ನೋಡಿ, "ಐದು ಸೆಕೆಂಡು ಗುದ್ದಾಟ, ಆಮೇಲೆ ಅರ್ಧ ನಿಮಿಷ ಹರಟೆ, ಚೆಂಡು ಯಾರ ಕೈಯಲ್ಲಿದೆ ಎಂಬುದೇ ತಿಳಿಯಲಿಲ್ಲ" ಎಂದು ನೀನು ಬರೆದದ್ದನ್ನು ಓದಿ ನಕ್ಕುಬಿಟ್ಟೆ. ಚೆಂಡನ್ನು ಹುಡುಕುತ್ತ ಕುಳಿತರೆ ಆ ಆಟ ಯಾರಿಗೂ ಒಲಿಯುವುದಿಲ್ಲ. ಚೆಂಡು ಎಸೆಯುವ ಕ್ವಾರ್ಟರ್‌ಬ್ಯಾಕ್‌ನ ಮುಂದೆ ಐದು ಮಂದಿ ಗೋಡೆಯಂತೆ ನಿಂತಿರುತ್ತಾರೆ. ಅವರಿಗೆ ಎದುರಾಗಿ, ಕೈಬೆರಳುಗಳನ್ನು ನೆಲಕ್ಕೂರಿ ಬಾಗಿ ನಿಂತ ನಾಲ್ವರದು ಆ ಗೋಡೆಯನ್ನು ಒಡೆಯುವ ಕೆಲಸ. ಇವರೆಲ್ಲ ಲೈನ್‌ಮನ್‌ಗಳು. ಕಬಡ್ಡಿಯಲ್ಲಿ ಕಾಲು ಹಿಡಿದವರಿಂದ ಬಿಡಿಸಿಕೊಂಡು ಗೆರೆ ಮುಟ್ಟಲು ಹೆಣಗುವವನ ಪಾಡು ನಿನಗೆ ಗೊತ್ತೇ ಇದೆ. ಗೋಡೆ ಒಡೆಯುವ ಲೈನ್‌ಮನ್ ಆ ಹೆಣಗಾಟವನ್ನೇ ಒಂದು ಮಧ್ಯಾಹ್ನದಲ್ಲಿ ಹತ್ತಾರು ಸಲ ನಡೆಸುತ್ತಾನೆ. ಚೆಂಡು ಅವನ ಕೈಗೆ ಸಿಗುವುದು ಅಪರೂಪ.

ಈ ಕೆಲಸವನ್ನು ಹದಿನೈದು ವರ್ಷ ಮಾಡಿದ ಅಲನ್ ಪೇಜ್ ಅವರ ವಿಷಯವನ್ನು ನಿನಗೆ ಬರೆಯಬೇಕೆಂದು ಬಹಳ ದಿನಗಳಿಂದ ಅಂದುಕೊಂಡಿದ್ದೆ. ಅವರ ಕಿರುಬೆರಳಿನ ಚಿತ್ರವನ್ನು ಒಮ್ಮೆ ಹುಡುಕಿ ನೋಡು. ಆಟದಲ್ಲಿ ಮತ್ತೆಮತ್ತೆ ಕೀಲು ತಪ್ಪಿ, ಕೊನೆಗೆ ಉಳಿದ ಬೆರಳುಗಳ ಸಹವಾಸವೇ ಬೇಡವೆಂಬಂತೆ ಹೆಚ್ಚುಕಡಿಮೆ ಲಂಬಕೋನದಲ್ಲಿ ಹೊರಕ್ಕೆ ತಿರುಗಿ ನಿಂತುಬಿಟ್ಟಿದೆ. ಶಾಲೆಗಳಿಗೆ ಹೋದಾಗ ಮಕ್ಕಳ ಕಣ್ಣು ಮೊದಲು ಬೀಳುವುದು ಆ ಬೆರಳಿನ ಮೇಲೆಯೇ.

ಪೇಜ್ ಹುಟ್ಟಿದ್ದು 1945ರಲ್ಲಿ, ಓಹಾಯೋ ರಾಜ್ಯದ ಕ್ಯಾಂಟನ್ ಎಂಬ ಉಕ್ಕಿನ ಕಾರ್ಖಾನೆಗಳ ಊರಿನಲ್ಲಿ. ಹದಿಮೂರನೆಯ ವಯಸ್ಸಿಗೆ ತಾಯಿಯನ್ನು ಕಳೆದುಕೊಂಡರು. ಕಪ್ಪು ಹುಡುಗನೊಬ್ಬನಿಗೆ ಆ ಊರಿನಲ್ಲಿ ಕಾಣುತ್ತಿದ್ದ ದಾರಿ ಕಾರ್ಖಾನೆಯದು. ಆದರೆ ಇವರಿಗೆ ಎಳವೆಯಿಂದಲೂ ವಕೀಲನಾಗುವ ಹಂಬಲ. ವೃತ್ತಿಪರ ಫುಟ್‌ಬಾಲ್‌ನ ಹಾಲ್ ಆಫ್ ಫೇಮ್, ಅಂದರೆ ಹೆಸರಾಂತ ಆಟಗಾರರ ಗೌರವ ಭವನ, ಅದೇ ಕ್ಯಾಂಟನ್‌ನಲ್ಲಿ ತಲೆಯೆತ್ತುತ್ತಿದ್ದಾಗ ಹದಿಹರೆಯದ ಪೇಜ್ ಅದರ ಕಟ್ಟಡದ ಕೆಲಸಕ್ಕೆ ಕೂಲಿಯಾಗಿ ಹೋಗಿದ್ದರು. ಕಥೆಗಾರನೊಬ್ಬ ಇದನ್ನು ಬರೆದಿದ್ದರೆ, ಇಷ್ಟು ಹೊಂದಿಸಿ ಬರೆಯಬಾರದು ಎಂದು ನೀನೇ ತಗಾದೆ ತೆಗೆಯುತ್ತಿದ್ದೆ.

ನೋಟರ್ ಡೇಮ್ ವಿಶ್ವವಿದ್ಯಾಲಯದ ತಂಡದಲ್ಲಿ ಆಡಿ, 1966ರ ರಾಷ್ಟ್ರೀಯ ಚಾಂಪಿಯನ್ ಪಟ್ಟದಲ್ಲಿ ಪಾಲು ಪಡೆದು, 1967ರಲ್ಲಿ ಅವರು ವೃತ್ತಿಪರ ಲೀಗಿನ ಮಿನ್ನೆಸೋಟ ವೈಕಿಂಗ್ಸ್ ತಂಡವನ್ನು ಸೇರಿದರು. ಕಾರ್ಲ್ ಎಲ್ಲರ್, ಜಿಮ್ ಮಾರ್ಷಲ್, ಗ್ಯಾರಿ ಲಾರ್ಸೆನ್ ಜೊತೆಗೆ ಇವರೂ ಸೇರಿ ನಿಂತ ಆ ನೇರಳೆ ಅಂಗಿಯ ನಾಲ್ವರ ಸಾಲಿಗೆ 'ಪರ್ಪಲ್ ಪೀಪಲ್ ಈಟರ್ಸ್' ಎಂಬ ಅಡ್ಡಹೆಸರೇ ಬಿತ್ತು. ಮೈಭಾರದಿಂದ ನೂಕುವುದಕ್ಕಿಂತ, ಚೆಂಡು ಮಿಸುಕಿದ ಕ್ಷಣದಲ್ಲೇ ಚಿಮ್ಮಿ, ಎದುರಿನವನ ಕೈ ತನ್ನ ಮೈಗೆ ತಾಗುವ ಮೊದಲೇ ದಾಟಿಹೋಗುವುದು ಪೇಜ್ ಅವರ ವರಸೆ. 1971ರಲ್ಲಿ ಅವರು ಇಡೀ ಲೀಗಿನ ಅತ್ಯಮೂಲ್ಯ ಆಟಗಾರ ಎನಿಸಿಕೊಂಡರು. ಅದಕ್ಕೆ ಮೊದಲು ರಕ್ಷಣಾ ವಿಭಾಗದ ಯಾರಿಗೂ ಆ ಗೌರವ ಸಂದಿರಲಿಲ್ಲ. ಆ ಮೇಲೆ ಸಂದದ್ದು 1986ರಲ್ಲಿ ಲಾರೆನ್ಸ್ ಟೇಲರ್ ಒಬ್ಬರಿಗೆ. ಕ್ವಾರ್ಟರ್‌ಬ್ಯಾಕ್‌ನನ್ನು ಕೆಡವುವುದನ್ನು ಲೀಗ್ ಅಧಿಕೃತವಾಗಿ ಎಣಿಸತೊಡಗಿದ್ದು 1982ರಿಂದ. ಪೇಜ್ ನಿವೃತ್ತರಾದದ್ದು 1981ರಲ್ಲಿ. ಹೀಗಾಗಿ ಅವರು ಯಾವುದಕ್ಕೆ ಹೆಸರಾಗಿದ್ದರೋ ಅದೇ ಲೀಗಿನ ಲೆಕ್ಕದ ಪುಸ್ತಕದಲ್ಲಿ ಅವರ ಹೆಸರಿನ ಮುಂದೆ ಬಾರದೆ ಹೋಯಿತು. ಲೀಗಿನ ಪಟ್ಟ ನಿರ್ಧರಿಸುವ ಅಂತಿಮ ಪಂದ್ಯವಾದ ಸೂಪರ್ ಬೌಲ್ ಕೂಡ ಕೈಗೆ ಸಿಗಲಿಲ್ಲ, ವೈಕಿಂಗ್ಸ್ ಜೊತೆ ನಾಲ್ಕು ಸಲ ಆಡಿ ನಾಲ್ಕರಲ್ಲೂ ಸೋತರು.

ಮೈದಾನದ ಹೊರಗೂ ಅವರು ಯಾರ ಹಿಡಿತಕ್ಕೂ ಸಿಕ್ಕವರಲ್ಲ. ಆಟಗಾರರ ಸಂಘದಲ್ಲಿ ಮುಂದಾಳಾಗಿದ್ದರು. ಆಟಗಾರನೊಬ್ಬ ಒಪ್ಪಂದ ಮುಗಿದ ಮೇಲೂ ಬೇರೆ ತಂಡಕ್ಕೆ ಸುಲಭವಾಗಿ ಹೋಗದಂತೆ ಕಟ್ಟಿಹಾಕುತ್ತಿದ್ದ ನಿಯಮವನ್ನು ಪ್ರಶ್ನಿಸಿದ ಮ್ಯಾಕಿ ಮೊಕದ್ದಮೆಯ ಫಿರ್ಯಾದುದಾರರಲ್ಲಿ ಅವರೂ ಒಬ್ಬರು, ಮತ್ತು ಆ ನಿಯಮ ಕಾನೂನುಬಾಹಿರವೆಂದು 1975ರ ಡಿಸೆಂಬರ್‌ನಲ್ಲಿ ತೀರ್ಪು ಬಂತು. ಅದೇ ವರ್ಷಗಳಲ್ಲಿ ಆಟದ ನಡುವೆಯೇ ಮಿನ್ನೆಸೋಟ ವಿಶ್ವವಿದ್ಯಾಲಯದಲ್ಲಿ ಕಾನೂನು ಓದಿ 1978ರಲ್ಲಿ ಪದವಿ ಪಡೆದರು. ಸಿಗರೇಟು ಬಿಡಲು ಹೊರಟ ಪತ್ನಿ ಡಯಾನ್ ಓಟ ಶುರುಮಾಡಿದಾಗ ಇವರೂ ಜೊತೆಗೂಡಿದರು, ಆಮೇಲೆ ಆ ಓಟ ಇವರನ್ನು ಬಿಡಲಿಲ್ಲ. ಸುಮಾರು ನೂರಾಹತ್ತು ಕಿಲೋ ಇದ್ದ ಮೈ ನೂರರ ಆಸುಪಾಸಿಗೆ ಇಳಿಯಿತು. ಲೈನ್‌ಮನ್‌ಗೆ ಈ ತೂಕ ಸಾಲದೆಂದು 1978ರಲ್ಲಿ, ಪಂದ್ಯಗಳ ಋತುವಿನ ನಟ್ಟನಡುವೆ, ತಂಡ ಅವರನ್ನು ಕೈಬಿಟ್ಟಿತು. ಶಿಕಾಗೋ ಬೇರ್ಸ್ ತಂಡ ನಿಯಮದಂತೆ ಕೇವಲ ನೂರು ಡಾಲರ್ ಕಟ್ಟಿ ಕರೆದುಕೊಂಡಿತು. ಮರುವರ್ಷ ಅವರು ಮ್ಯಾರಥಾನ್ ಮುಗಿಸಿದರು. ಲೀಗಿನಲ್ಲಿ ಆಡುತ್ತಿರುವಾಗಲೇ ಹಾಗೆ ಓಡಿದವರಲ್ಲಿ ಅವರೇ ಮೊದಲಿಗರು. ಕೈಬಿಟ್ಟವರ ಲೆಕ್ಕವನ್ನು ಸುಳ್ಳುಮಾಡುವಂತೆ ಇನ್ನೂ ಮೂರು ವರ್ಷ ಆಡಿದರು. ವೃತ್ತಿಯುದ್ದಕ್ಕೂ ಒಟ್ಟು 218 ಪಂದ್ಯ, ಒಂದನ್ನೂ ತಪ್ಪಿಸಲಿಲ್ಲ.

ಇಷ್ಟು ಗುದ್ದಾಟದ ನಂತರವೂ ತಲೆ ನೆಟ್ಟಗಿದ್ದುದರಲ್ಲಿ ಅದೃಷ್ಟದ ಪಾಲೂ ಇದೆ ಎಂಬುದನ್ನು ಮುಚ್ಚಿಡಲಾರೆ. 1975ರ ಜನವರಿಯ ಸೂಪರ್ ಬೌಲ್‌ನಲ್ಲಿ ವೈಕಿಂಗ್ಸನ್ನು ಸೋಲಿಸಿದ ಪಿಟ್ಸ್‌ಬರ್ಗ್ ತಂಡದಲ್ಲಿ ಮೈಕ್ ವೆಬ್‌ಸ್ಟರ್ ಎಂಬ ಹೊಸ ಲೈನ್‌ಮನ್ ಇದ್ದರು. ಅವರು 2002ರಲ್ಲಿ, ಐವತ್ತನೆಯ ವಯಸ್ಸಿಗೆ, ನೆಲೆ ತಪ್ಪಿದ ಬದುಕಿನ ಕೊನೆಯಲ್ಲಿ ತೀರಿಕೊಂಡರು. ಅವರ ಮೆದುಳನ್ನು ಪರೀಕ್ಷಿಸಿದ ವೈದ್ಯ ಬೆನೆಟ್ ಒಮಾಲು ಕಂಡ ಹಾನಿಯಿಂದಲೇ ಈ ಆಟದ ನಿಜವಾದ ಬೆಲೆಯ ಬಗ್ಗೆ ಮಾತು ಶುರುವಾಯಿತು. ಅಂದಿನಿಂದ ನಾನೂ ಈ ಆಟವನ್ನು ಮೊದಲಿನ ನೆಮ್ಮದಿಯಿಂದ ನೋಡಿಲ್ಲ.

1988ರಲ್ಲಿ ಪೇಜ್ ತಾವು ಕೂಲಿ ಮಾಡಿದ್ದ ಅದೇ ಹಾಲ್ ಆಫ್ ಫೇಮ್‌ಗೆ ಗೌರವ ಪಡೆಯಲು ಹೋದರು. ಅಂಥ ಸಂದರ್ಭದಲ್ಲಿ ಪರಿಚಯಿಸಲು ಆಟಗಾರರು ಸಾಮಾನ್ಯವಾಗಿ ಹಳೆಯ ಕೋಚನ್ನೋ ಜೊತೆಗಾರನನ್ನೋ ಕರೆಯುತ್ತಾರೆ. ಪೇಜ್ ಕರೆದದ್ದು ಮಿನಿಯಾಪೊಲಿಸ್‌ನ ಶಾಲೆಯೊಂದರ ಪ್ರಿನ್ಸಿಪಾಲರಾಗಿದ್ದ ವಿಲರೀನ್ ಬೀಸ್ಲಿ ಅವರನ್ನು. ಭಾಷಣದಲ್ಲೂ ತಮ್ಮ ಗೆಲುವುಗಳನ್ನು ಎಣಿಸುತ್ತ ನಿಲ್ಲಲಿಲ್ಲ. ತಂಡದ ಕೋಣೆಯಲ್ಲಿ ಒಮ್ಮೆ ಆಟದ ಯೋಜನೆಯ ಪುಸ್ತಕವನ್ನು ಒಬ್ಬೊಬ್ಬರಿಂದ ಗಟ್ಟಿಯಾಗಿ ಓದಿಸಿದಾಗ, ಕಾಲೇಜು ದಾಟಿ ಬಂದಿದ್ದ ಆಟಗಾರರಲ್ಲೇ ಕೆಲವರಿಗೆ ಓದಲು ಬಾರದೆ ಹೋದ ಸಂಗತಿಯನ್ನು ಹೇಳಿದರು. ತರಗತಿಯಲ್ಲಿ ಓದಲು ಎದ್ದು ನಿಂತ ಹುಡುಗ ಪುಸ್ತಕದ ಮೇಲೆ ಕಣ್ಣು ನೆಟ್ಟು ಸುಮ್ಮನಾಗುವ ಆ ಅರೆನಿಮಿಷ ಮೇಷ್ಟರಾದ ನಿನಗೆ ಹೊಸದೇನಲ್ಲ. ಇಲ್ಲಿ ಹಾಗೆ ಸುಮ್ಮನಾದವರು ನೂರು ಕಿಲೋ ದಾಟಿದ ಗಂಡಸರು. ಅದೇ ವರ್ಷ ದಂಪತಿ ಒಂದು ವಿದ್ಯಾರ್ಥಿವೇತನ ಸಂಸ್ಥೆಯನ್ನು ಕಟ್ಟಿದರು. ಅದರ ಹಣ ಪಡೆದವರು ವರ್ಷಕ್ಕೆ ಕನಿಷ್ಠ ಐವತ್ತು ಗಂಟೆ ಚಿಕ್ಕ ಮಕ್ಕಳ ಜೊತೆ ಕುಳಿತು ಓದಿಗೆ ನೆರವಾಗಬೇಕು. ನನಗೆ ಅವರ ಎಲ್ಲ ಪದಕಗಳಿಗಿಂತ ಈ ಷರತ್ತು ಹೆಚ್ಚು ಹಿಡಿಸಿತು.

ನ್ಯಾಯಾಧೀಶರಾದ ಬಗೆಯೂ ಲೈನ್‌ಮನ್‌ನದೇ. ಮಿನ್ನೆಸೋಟದಲ್ಲಿ ನ್ಯಾಯಾಧೀಶರನ್ನು ಜನರೇ ಚುನಾಯಿಸಬೇಕು. 1992ರಲ್ಲಿ ಗವರ್ನರ್ ಒಬ್ಬ ಹಾಲಿ ನ್ಯಾಯಾಧೀಶರ ಅವಧಿಯನ್ನು ವಿಸ್ತರಿಸಿದ್ದರಿಂದ ಪೇಜ್ ಸ್ಪರ್ಧಿಸಬೇಕೆಂದಿದ್ದ ಚುನಾವಣೆಯೇ ಇಲ್ಲವಾಗುವುದರಲ್ಲಿತ್ತು. ಅವರು ಮೊಕದ್ದಮೆ ಹೂಡಿದರು. ತಮ್ಮದೇ ಸಹೋದ್ಯೋಗಿಯ ವಿಷಯವಾದ್ದರಿಂದ ರಾಜ್ಯದ ಸುಪ್ರೀಂ ಕೋರ್ಟಿನ ನ್ಯಾಯಾಧೀಶರು ಹಿಂದೆ ಸರಿಯಬೇಕಾಯಿತು; ಬದಲಿ ಪೀಠ ಕೂತು, ಚುನಾವಣೆ ನಡೆಯಲೇಬೇಕೆಂದಿತು. ಪೇಜ್ ಗೆದ್ದು, ಆ ಕೋರ್ಟಿನ ಮೊದಲ ಕಪ್ಪು ನ್ಯಾಯಾಧೀಶರಾಗಿ 1993ರಿಂದ 2015ರವರೆಗೆ, ಎಪ್ಪತ್ತರ ವಯೋಮಿತಿ ಮುಟ್ಟುವತನಕ, ಬೋ ಟೈ ಕಟ್ಟಿಕೊಂಡು ಕುಳಿತಿದ್ದರು. 2018ರಲ್ಲಿ ಡಯಾನ್ ತೀರಿಕೊಂಡರು. ಅಮೆರಿಕದ ಅತ್ಯುನ್ನತ ನಾಗರಿಕ ಗೌರವವಾದ ಅಧ್ಯಕ್ಷರ ಸ್ವಾತಂತ್ರ್ಯ ಪದಕ ಬಂದದ್ದೂ ಅದೇ ವರ್ಷ.

ಒಂದನ್ನು ಹೇಳಲು ಮರೆತಿದ್ದೆ. ಅವರು ಟ್ಯೂಬಾ ಊದುತ್ತಾರೆ, ನಮ್ಮ ಬ್ಯಾಂಡ್‌ಸೆಟ್ಟಿನವರು ಮೈಗೆ ಸುತ್ತಿಕೊಳ್ಳುವ ಆ ದೊಡ್ಡ ಹಿತ್ತಾಳೆ ವಾದ್ಯದ ಜಾತಿಯದು. ಮಿನಿಯಾಪೊಲಿಸ್‌ನ ಮ್ಯಾರಥಾನ್ ತಮ್ಮ ಮನೆಯ ಮುಂದೆ ಹಾದುಹೋಗುವ ದಿನ ಹೊರಗೆ ಬಂದು ನಿಂತು, ಓಡುವವರಿಗಾಗಿ ಅದನ್ನು ಊದುವುದು ಅವರ ರೂಢಿ. ಆ ಕಿರುಬೆರಳನ್ನು ಎಲ್ಲಿಡುತ್ತಾರೋ ಕಾಣೆ.

ನಿನ್ನ,
ಹಳೆಯ ಕಬಡ್ಡಿ ಜೊತೆಗಾರ