ಪೇಟೆಂಟ್ ಬೇಡ್ವಾ, ಹಂಗಾದ್ರೆ ಬರೆದಾದ್ರೂ ಇಡಿ

ಸಂಪಾದಕರೇ,

ನಮ್ಮ ಚಳ್ಳಕೆರೆ ಕಡೆ ವೆಲ್ಡಿಂಗ್ ಶಾಪ್‌ಗಳಲ್ಲಿ ಶೇಂಗಾ ಬಿಡಿಸೋ ಮಷಿನ್‌ಗೆ, ಕೂರಿಗೆಗೆ ಏನಾದ್ರೂ ಹೊಸ ಐಡಿಯಾ ಹಾಕ್ತಾನೇ ಇರ್ತಾರೆ, ಆದ್ರೆ ಪೇಟೆಂಟ್ ಅಂದ್ರೆ ವಕೀಲರ ಫೀಸು, ವರ್ಷಗಟ್ಟಲೆ ಕಾಯೋದು, ಸಿಕ್ಕಿದ್ರೂ 20 ವರ್ಷ ಉಳಿಸ್ಕೊಳ್ಳೋಕೆ ರಿನ್ಯೂವಲ್ ಕಟ್ತಾ ಇರ್ಬೇಕು, ಯಾರಿಗೆ ಬೇಕು ಹೇಳಿ. ಹಂಗಂತ ಸುಮ್ನಿದ್ರೆ ನಾಳೆ ಯಾರೋ ಬಂದು ಅದನ್ನೇ ತಮ್ಮದು ಅಂತ ಅರ್ಜಿ ಹಾಕ್ಬಹುದು. ಅದಕ್ಕೇ ಡ್ರಾಯಿಂಗು, ಅಳತೆ, ಹೆಂಗೆ ಕೆಲ್ಸ ಮಾಡತ್ತೆ ಎಲ್ಲಾ ತಾರೀಕು ಸಮೇತ ಎಲ್ರಿಗೂ ಸಿಗೋ ಹಂಗೆ ಪ್ರಕಟ ಮಾಡ್ಬಿಡಿ, ಮೊದ್ಲೇ ಪ್ರಕಟ ಆಗಿರೋದಕ್ಕೆ ಆಮೇಲೆ ಬಂದೋರಿಗೆ ಪೇಟೆಂಟ್ ಸಿಗಲ್ಲ.

ಅರಿಶಿನದ ಕಥೆ ನೆನಪಿದ್ಯಲ್ಲ? ಗಾಯಕ್ಕೆ ಅರಿಶಿನ ಹಚ್ಚೋದಕ್ಕೇ (ನಮ್ಮಜ್ಜಿ ಕೇಳಿದ್ರೆ ನಕ್ಕಿರೋರು) 1995ರಲ್ಲಿ ಅಮೆರಿಕದಲ್ಲಿ ಪೇಟೆಂಟ್ ಕೊಟ್ಟಿದ್ರು, ನಮ್ಮ ದೇಶದ ವಿಜ್ಞಾನ ಸಂಶೋಧನಾ ಸಂಸ್ಥೆ ಸಿಎಸ್‌ಐಆರ್‌ನೋರು ಹಳೇ ಗ್ರಂಥ, 1953ರ ಒಂದು ವೈದ್ಯಕೀಯ ಲೇಖನ ಎಲ್ಲಾ ತೋರ್ಸಿದ್ಮೇಲೆ 1997ರಲ್ಲಿ ರದ್ದಾಯ್ತು. ಬರೀ ಬಾಯಿಮಾತಾಗಿದ್ರೆ ಕಷ್ಟ ಇತ್ತು.

ಒಂದು ಹುಷಾರು, ಪ್ರಕಟ ಮಾಡಿದ್ಮೇಲೆ ಸಾಮಾನ್ಯವಾಗಿ ನಿಮಗೂ ಪೇಟೆಂಟ್ ಸಿಗಲ್ಲ, ಮನಸು ಗಟ್ಟಿ ಮಾಡ್ಕೊಂಡೇ ಮಾಡಿ. ದಾವಣಗೆರೆ, ಚಿತ್ರದುರ್ಗದ ಇಂಜಿನಿಯರಿಂಗ್ ಹುಡುಗ್ರು ಅದೇ ಹಳೇ ಪ್ರಾಜೆಕ್ಟ್ ಕಾಪಿ ಹೊಡೆಯೋ ಬದ್ಲು ಈ ಶಾಪ್‌ಗಳಿಗೆ ಹೋಗಿ ಡ್ರಾಯಿಂಗ್ ಮಾಡಿಕೊಡ್ಲಿ.

– ಓದುಗ, ಚಳ್ಳಕೆರೆ