ದೀಪಾವಳಿಯ ರಣ್ ಪ್ರವಾಸ ಇನ್ನಿಲ್ಲ: ನಮ್ಮ ಗ್ರಾಹಕರಿಗೆ ಒಂದು ಪತ್ರ

ಆತ್ಮೀಯರೇ,

ಸುತ್ತಿ ಬಳಸಿ ಹೇಳಲು ಬರುವುದಿಲ್ಲ, ಮೊದಲೇ ಹೇಳಿಬಿಡುತ್ತೇನೆ. ದೀಪಾವಳಿ ರಜೆಯ ಗುಜರಾತಿನ ಕಚ್ಛ್ ಪ್ರವಾಸವನ್ನು 2025ರಿಂದ ನಿಲ್ಲಿಸಿದ್ದೇವೆ. ಇನ್ನು ಮುಂದೆ ರಣ್‌ಗೆ, ಅಂದರೆ ಅಲ್ಲಿಯ ಬಿಳಿ ಉಪ್ಪಿನ ಬಯಲಿಗೆ, ಹೋಗುವುದು ಜನವರಿ ಕೊನೆಗೆ ಒಂದು ಸಲ, ಫೆಬ್ರವರಿ ಕೊನೆಗೆ ಒಂದು ಸಲ. ತಂಡದಲ್ಲಿ 18 ಜನರ ಬದಲು 12 ಜನ. ಒಂಬತ್ತು ದಿನ ಇದ್ದದ್ದು ಹತ್ತು ದಿನ. ದರ ತಲೆಗೆ 29,500 ಇದ್ದದ್ದು 36,000. ಈ ಕೊನೆಯ ಸಂಖ್ಯೆ ನೋಡಿ ಪತ್ರ ಅಲ್ಲಿಗೇ ಬಿಡಬೇಡಿ. ಅದರ ಲೆಕ್ಕ ಕೊಡುತ್ತೇನೆ, ಆದರೆ ಅದಕ್ಕೆ ಮುಂಚೆ ಬೇರೊಂದು ಬಾಕಿ ತೀರಿಸುವುದಿದೆ.

ಮೆಟಡೋರ್ ಕಾಲದಿಂದ ನಮ್ಮ ಜೊತೆ ಬಂದವರಿಗೆ ನಾವು ಯಾರು, ಹೇಗೆ ಅಂತ ಗೊತ್ತು. ಆ ಕಥೆ ಬೇಡ. ಕಳೆದ ಹತ್ತು ತಿಂಗಳಿಂದ ನನಗೆ ಕೇಳಿಬರುತ್ತಿರುವುದು ಒಂದೇ ಮಾತು. ಹನುಮಂತಪ್ಪ ಸರ್ಕಲ್‌ನಲ್ಲಿ ಎದುರಾದವರು, ಮದುವೆ ಊಟದ ಪಂಕ್ತಿಯಲ್ಲಿ ಪಕ್ಕ ಕೂತವರು, ನಮ್ಮ ಜೊತೆ ಒಂದು ಸಲವೂ ಬಾರದವರು ಕೂಡ ಅದನ್ನೇ ಕೇಳುತ್ತಾರೆ: “ಏನ್ರೀ, ಬಿಳೀ ಉಪ್ಪು ತೋರಿಸ್ತೀವಿ ಅಂತ ಗುಜರಾತ್‌ವರೆಗೆ ಕರ್ಕೊಂಡ್ ಹೋಗಿ ಕೆಸರು ತೋರಿಸಿದ್ರಂತೆ?”

ಹೌದು, ಕೆಸರನ್ನೇ ತೋರಿಸಿದೆವು. 2024ರ ದೀಪಾವಳಿ ತಂಡದ 18 ಜನ ಎರಡು ರಾತ್ರಿ ರೈಲಿನಲ್ಲಿ ಮಲಗಿ, ಭುಜ್‌ನಿಂದ ಮತ್ತೆ ಸುಮಾರು 80 ಕಿಲೋಮೀಟರ್ ಹೋಗಿ ಇಳಿದಾಗ ಎದುರಿಗಿದ್ದದ್ದು ನೀರು. ದಿಗಂತದವರೆಗೂ ಬೂದು ಬಣ್ಣದ, ಮೊಣಕಾಲಿಗೂ ಬಾರದ ನೀರು. ಅಂಚಿನಲ್ಲಿ ಗೇಣಗಲ ಬಿಳಿ ಪಟ್ಟಿ ಇತ್ತು. ಅದರ ಮೇಲೆ ಕಾಲಿಟ್ಟ ನಿವೃತ್ತ ಮೇಡಂ ಒಬ್ಬರ ಚಪ್ಪಲಿ ಒಳಗೇ ಉಳಿಯಿತು, ಕಾಲು ಮಾತ್ರ ಹೊರಗೆ ಬಂತು. ನಮ್ಮ ಟೆಂಪೋ ಟ್ರಾವೆಲರ್ ತಿರುಗಿಸುವಾಗ ಹಿಂದಿನ ಚಕ್ರ ಹೂತು, ಪಕ್ಕದ ಬನ್ನಿ ಹುಲ್ಲುಗಾವಲಿನ ಕಡೆಯಿಂದ ಒಂದು ಟ್ರ್ಯಾಕ್ಟರ್ ಬರುವವರೆಗೆ ಮೂರು ಗಂಟೆ ಎಲ್ಲರೂ ಬಿಸಿಲಲ್ಲಿ ನಿಂತರು.

ಅವತ್ತು ಹೇಳಲಾಗದ್ದನ್ನು ಈಗ ಹೇಳುತ್ತೇನೆ. ನಮ್ಮ ಹಳೆಯ ಪಾಂಪ್ಲೆಟ್‌ನಲ್ಲಿ “ಬಿಳಿ ಮರಳುಗಾಡು” ಅಂತ ಅಚ್ಚಾಗಿದೆ. ಅದೇ ತಪ್ಪು. ಅಲ್ಲಿ ಮರಳಿಲ್ಲ. ಒಂದು ಕಾಲಕ್ಕೆ ಸಮುದ್ರದ ತೋಳಾಗಿದ್ದು, ಹೂಳು ತುಂಬಿ ನೆಲವಾದ ಜಾಗ ಅದು. ಮಳೆಗಾಲದಲ್ಲಿ ನೈಋತ್ಯ ಗಾಳಿ ಕೋರಿ ಖಾರಿಯ ಕಡೆಯಿಂದ ಅರಬ್ಬಿ ಸಮುದ್ರದ ನೀರನ್ನು ಒಳಕ್ಕೆ ನೂಕುತ್ತದೆ. ಇತ್ತ ರಾಜಸ್ಥಾನದಿಂದ ಲೂಣಿ ನದಿ ಬಂದು ಸೇರುತ್ತದೆ. ನೆಲ ಚಪಾತಿ ಮಣೆಯಷ್ಟು ಸಪಾಟು, ಬಂದ ನೀರು ಹರಿದು ಹೋಗಲು ಇಳಿಜಾರೇ ಇಲ್ಲ. ಬಿಸಿಲಿಗೆ ಆವಿಯಾಗಿಯೇ ಹೋಗಬೇಕು. ಹೋದ ಮೇಲೆ ಉಳಿಯುವುದು ಆ ಬಿಳಿ ಪದರ. ಅದರ ಕೆಳಗೆ ಕಪ್ಪು ಜೇಡಿ. ನೀರು ಈಗಷ್ಟೇ ಆರಿದ್ದರೆ ಪದರ ಹಾಲಿನ ಕೆನೆಯ ಹಾಗಿರುತ್ತದೆ, ಕಾಲಿಟ್ಟರೆ ಹರಿಯುತ್ತದೆ. ಒಂದೂವರೆ ಎರಡು ತಿಂಗಳು ಒಣಗಲು ಬಿಟ್ಟರೆ ಅದೇ ಪದರ ನಿಮ್ಮ ತೂಕ ಹೊರುತ್ತದೆ, ನಡೆದರೆ ಕರಕರ ಅನ್ನುತ್ತದೆ.

ಕಣದಲ್ಲಿ ಚೆರಿ, ಅಂದರೆ ಕಾಫಿ ಹಣ್ಣು, ಒಣಗಿಸುವವರಿಗೆ ಇದನ್ನು ನಾನು ಹೇಳಿಕೊಡಬೇಕಿಲ್ಲ. ಇಷ್ಟನೇ ತಾರೀಕಿಗೆ ಒಣಗಿರುತ್ತದೆ ಅಂತ ಯಾರೂ ಚೀಲ ತುಂಬುವುದಿಲ್ಲ, ಕೈಯಲ್ಲಿ ಹಿಡಿದು ಕುಲುಕಿ ಸದ್ದು ಬರುತ್ತದಾ ನೋಡುತ್ತೀರಿ. ನಾವು ಮಾತ್ರ ಪಂಚಾಂಗ ನೋಡಿ ಉಪ್ಪಿಗೆ ಹೋಗುತ್ತಿದ್ದೆವು. ದೀಪಾವಳಿ 2023ರಲ್ಲಿ ನವೆಂಬರ್ 12ಕ್ಕೆ ಬಂತು, 2024ರಲ್ಲಿ ಅಕ್ಟೋಬರ್ 31ಕ್ಕೆ, 2025ರಲ್ಲಿ ಅಕ್ಟೋಬರ್ 20ಕ್ಕೇ. ಉಪ್ಪಿಗೆ ಹಬ್ಬ ಗೊತ್ತಿಲ್ಲ.

ಮಳೆ ವಿಷಯದಲ್ಲೂ ನಮ್ಮ ಅಳತೆ ಅಲ್ಲಿ ನಡೆಯುವುದಿಲ್ಲ. ಕಚ್ಛ್‌ಗೆ ವರ್ಷವಿಡೀ ಬೀಳುವುದು ಹೆಚ್ಚುಕಮ್ಮಿ 16 ಇಂಚು. ಶೃಂಗೇರಿ, ಕೊಪ್ಪದ ಕಡೆಯವರು ಜುಲೈನ ಎರಡು ವಾರದಲ್ಲಿ ಅಷ್ಟು ಅಳೆದು ಬರೆದಿಟ್ಟಿರುತ್ತಾರೆ. ಹಾಗಾಗಿ “ಕಚ್ಛ್‌ನಲ್ಲಿ ಜೋರು ಮಳೆಯಂತೆ” ಅಂದರೆ ನಾವು ಮಲೆನಾಡಿನವರು ನಕ್ಕುಬಿಡುತ್ತೇವೆ. 2024ರ ಆಗಸ್ಟ್ ಕೊನೆಗೆ ಅಲ್ಲಿ ಭಾರಿ ಮಳೆ ಸುರಿಯಿತು. ಅದೇ ಮೋಡದ ರಾಶಿ ಸಮುದ್ರಕ್ಕಿಳಿದು ಅಸ್ನಾ ಚಂಡಮಾರುತ ಅಂತ ಹೆಸರು ಪಡೆಯಿತು. ಟಿವಿಯಲ್ಲಿ ನಾನೂ ನೋಡಿದ್ದೆ. ಎರಡು ತಿಂಗಳಿದೆಯಲ್ಲ, ಒಣಗುತ್ತೆ ಅಂದುಕೊಂಡೆ.

ಇನ್ನು ನಿಮ್ಮಲ್ಲಿ ಯಾರಿಗೂ ಗೊತ್ತಿಲ್ಲದ ಭಾಗ. ಭುಜ್‌ನಲ್ಲಿ ನಮಗೆ ಗಾಡಿ, ರೂಮು ಮಾಡಿಕೊಡುತ್ತಿದ್ದ ಏಜೆಂಟರು ಅಕ್ಟೋಬರ್ ಪೂರ್ತಿ “ಎಲ್ಲ ಸರಿಯಿದೆ, ಬನ್ನಿ” ಅನ್ನುತ್ತಿದ್ದರು. ಆದರೆ ಹೊರಡುವ ಐದು ದಿನ ಮೊದಲು, ಹಿಂದಿನ ವರ್ಷ ನಮ್ಮ ಗಾಡಿ ಓಡಿಸಿದ್ದ ಚಾಲಕರೊಬ್ಬರು ಫೋನ್ ಮಾಡಿ “ಪಾನಿ ಹೈ ಸಾಬ್” ಅಂದರು. ಅಂದರೆ ನನಗೆ ಗೊತ್ತಿತ್ತು. ಅಷ್ಟು ಹೊತ್ತಿಗೆ ರೂಮಿಗೆ ಕಟ್ಟಿದ ಮುಂಗಡ ವಾಪಸ್ ಬರುವುದಿಲ್ಲ, ರೈಲು ಟಿಕೆಟ್ ರದ್ದು ಮಾಡಿದರೆ ಕಡಿತ. ಅಣ್ಣ ಮತ್ತು ನಾನು ರಾತ್ರಿ ಲೆಕ್ಕ ಹಾಕಿದೆವು. ಸ್ವಲ್ಪ ನೀರಿದ್ದರೂ ಹರಪ್ಪ ಕಾಲದ ಊರು ಧೋಲಾವೀರಾ ಇದೆ, ಬನ್ನಿ ಇದೆ, ಜನ ಖುಷಿಯಾಗಿಯೇ ಬರುತ್ತಾರೆ ಅಂತ ನಮಗೆ ನಾವೇ ಸಮಾಧಾನ ಹೇಳಿಕೊಂಡೆವು. ನಿಮಗೆ ಹೇಳಲಿಲ್ಲ. ಕೆಸರಿಗೆ ನಾನು ಕಾರಣನಲ್ಲ, ಆದರೆ ಆ ಐದು ದಿನದ ಮೌನಕ್ಕೆ ಕಾರಣ ನಾನೇ. ಆ 18 ಜನರ ಕ್ಷಮೆ ಕೇಳುತ್ತೇನೆ. ಉಪ್ಪು ತಿಂದವನು ನೀರು ಕುಡಿಯಲೇಬೇಕು, ಕುಡಿಯುತ್ತಿದ್ದೇನೆ. ಅವರಲ್ಲಿ ಯಾರೇ ಮುಂದಿನ ಎರಡು ತಂಡಗಳಲ್ಲಿ ಬಂದರೂ ಹಳೆಯ ದರ 29,500ರಲ್ಲೂ 5,000 ಕಳೆದು ಉಳಿದದ್ದು ಕೊಟ್ಟರೆ ಸಾಕು. ಬರಲು ಮನಸ್ಸಿಲ್ಲದವರು ಅಂಗಡಿಗೆ ಬಂದು ಆ 5,000 ತೆಗೆದುಕೊಂಡು ಹೋಗಿ. ಬೈಯುವುದಿದ್ದರೆ ಬೈದೇ ಹೋಗಿ.

ಈಗ ದರ. “ಕಾಫಿಗೆ ರೇಟು ಬಂದಿದೆ ಅಂತ ಟೂರಿಗೂ ರೇಟು ಏರಿಸಿದ್ರಾ?” ಅಂತ ಮೂಡಿಗೆರೆಯ ಹಿರಿಯರೊಬ್ಬರು ನಗುತ್ತಲೇ ಕೇಳಿದರು. ನಗುತ್ತ ಕೇಳಿದ್ದಕ್ಕೇ ಹೆಚ್ಚು ಚುಚ್ಚಿತು. ಸರ್, ಕಾಫಿ ಇಳಿದು ನೀವೆಲ್ಲ ಪ್ರವಾಸವನ್ನೇ ಮುಂದೂಡುತ್ತಿದ್ದ ವರ್ಷಗಳಲ್ಲಿ ನಾವೂ ದರ ಮುಟ್ಟದೆ ಕೂತಿದ್ದೆವು. ಅದನ್ನು ಯಾರೂ ನೆನೆಯುವುದಿಲ್ಲ. ನೆನೆಯಬೇಕು ಅಂತಲೂ ಅಲ್ಲ.

ರೈಲಿನಿಂದ ಶುರು ಮಾಡುತ್ತೇನೆ. 2025ರ ಜುಲೈನಲ್ಲಿ ಟಿಕೆಟ್ ದರ ಏರಿದ್ದು ಎಸಿಗೆ ಕಿಲೋಮೀಟರಿಗೆ 2 ಪೈಸೆ. ಅರಸೀಕೆರೆಯಿಂದ ಅಲ್ಲಿಗೆ ತಲೆಗೆ ಐವತ್ತು ರೂಪಾಯಿಯೂ ಆಗುವುದಿಲ್ಲ, ಅದನ್ನು ನಾನು ದೂರುವುದಿಲ್ಲ. ಪೆಟ್ಟು ಬಿದ್ದದ್ದು ಬೇರೆ ಕಡೆ. 2024ರ ನವೆಂಬರ್ 1ರಿಂದ ಮುಂಗಡ ಬುಕಿಂಗ್ 120 ದಿನದಿಂದ 60 ದಿನಕ್ಕೆ ಇಳಿಯಿತು. ಮೊದಲು ನಾಲ್ಕು ತಿಂಗಳು ಮುಂಚೆ ಟಿಕೆಟ್ ಕೈಗೆ ಬಂದಮೇಲೆ ರೂಮಿಗೆ ದುಡ್ಡು ಕಟ್ಟುತ್ತಿದ್ದೆವು. ಈಗ ರೂಮಿನವರು ಜನವರಿಗೆ ಸೆಪ್ಟೆಂಬರಿನಲ್ಲೇ ಮುಂಗಡ ಕೇಳುತ್ತಾರೆ, ರೈಲು ಟಿಕೆಟ್ ತೆರೆಯುವುದು ನವೆಂಬರ್ ಕೊನೆಗೆ. ನಡುವಿನ ಎರಡು ತಿಂಗಳು ದುಡ್ಡು ನಮ್ಮದು, ಎದೆಬಡಿತವೂ ನಮ್ಮದು. ಯಾರಿಗಾದರೂ ವೇಟಿಂಗ್ ಲಿಸ್ಟ್ ಬಂದರೆ ತತ್ಕಾಲ್ ಹಿಡಿಯಬೇಕು, ಆ ವ್ಯತ್ಯಾಸವನ್ನು ಇಲ್ಲಿಯವರೆಗೆ ನಿಮ್ಮಿಂದ ಒಂದು ಸಲವೂ ವಸೂಲು ಮಾಡಿಲ್ಲ.

12 ಜನ ಯಾಕೆ ಅಂದರೆ, ಇನ್ನು ಮೇಲೆ ದೊಡ್ಡ ಟೆಂಟುಗಳ ಸಾಲಿನಲ್ಲಿ ಮಲಗಿಸುವುದಿಲ್ಲ. ಬನ್ನಿಯ ಹಳ್ಳಿಯಲ್ಲಿ ಭೂಂಗಾಗಳಲ್ಲಿ ಉಳಿಯುತ್ತೇವೆ. ದುಂಡನೆ ಮಣ್ಣಿನ ಗೋಡೆ, ಮೇಲೆ ಹುಲ್ಲಿನ ಶಂಕು, ಒಳಗೆ ಗೋಡೆ ತುಂಬ ಕನ್ನಡಿ ಚೂರು. 2001ರ ಭೂಕಂಪದಲ್ಲಿ ಕಾಂಕ್ರೀಟು ಕುಸಿದ ಕಡೆಯೂ ಇಂಥ ಎಷ್ಟೋ ಮನೆ ನಿಂತವು, ದುಂಡಗಿರುವುದರಿಂದ. ನಾವು ಮಾತಾಡಿಕೊಂಡಿರುವ ಅಂಗಳದಲ್ಲಿ ಅಂಥವು ಇರುವುದು ಆರು, ಒಂದರಲ್ಲಿ ಇಬ್ಬರು. 18 ಜನ ಹಂಚಿಕೊಳ್ಳುತ್ತಿದ್ದ ಅಡುಗೆಯವರ ಸಂಬಳ, ಸ್ಥಳೀಯ ಗೈಡ್, ಡೀಸೆಲ್ ಎಲ್ಲ ಈಗ 12 ಜನರ ತಲೆಗೆ ಬೀಳುತ್ತದೆ. ಹೂತುಹೋಗುವ ಒಂದು ದೊಡ್ಡ ಗಾಡಿಯ ಬದಲು ಎರಡು ಚಿಕ್ಕ ಗಾಡಿ. ಅದರ ಮೇಲೆ ಶೇ. 5 ಜಿಎಸ್‌ಟಿ, ಅದು ನಮ್ಮ ಕಿಸೆಗೆ ಬರುವ ದುಡ್ಡಲ್ಲ. ಎಲ್ಲ ಕಳೆದು ನಮಗೆ ಉಳಿಯುವುದನ್ನು ಬಿಲ್ಲು ಸಮೇತ ಅಂಗಡಿಯಲ್ಲಿ ಇಟ್ಟಿರುತ್ತೇನೆ, ಬಂದು ನೋಡಬಹುದು. “ಇದೇ ದುಡ್ಡಿಗೆ ದುಬೈ ನೋಡಬಹುದಲ್ಲ” ಅನ್ನುವವರಿಗೆ ನನ್ನ ಜಗಳವಿಲ್ಲ, ಹೋಗಿಬನ್ನಿ.

ಹೆಚ್ಚಾದ ಆ ಒಂದು ದಿನ ಹೋಗುವುದು ಚಿಕ್ಕ ರಣ್‌ಗೆ. ಇಷ್ಟು ವರ್ಷ ಧೋಲಾವೀರಾದಿಂದ ಅಹಮದಾಬಾದಿನವರೆಗೆ ನಿಮ್ಮನ್ನು ನಿದ್ದೆ ಮಾಡಿಸಿಕೊಂಡೇ ದಾಟಿಸುತ್ತಿದ್ದೆವು, ಇದು ನನಗೆ ಬಹಳ ದಿನದಿಂದ ಕೊರೆಯುತ್ತಿತ್ತು. ದೊಡ್ಡ ರಣ್‌ನಲ್ಲಿ ನೀವು ನೋಡುವ ಉಪ್ಪು ತಾನಾಗಿ ಕಟ್ಟಿದ್ದು, ಯಾರೂ ತಿನ್ನುವುದಿಲ್ಲ. ಜನ ಉಪ್ಪು ಬೆಳೆಯುವುದು ಚಿಕ್ಕ ರಣ್‌ನಲ್ಲಿ. ಮಳೆಗಾಲದ ನೀರು ಇಳಿದ ಮೇಲೆ ಅಗರಿಯಾ ಕುಟುಂಬಗಳು ಮನೆ ಮಕ್ಕಳ ಸಮೇತ ಒಳಗೆ ಹೋಗಿ, ಬಾವಿ ತೋಡಿ, ನೆಲದಡಿಯ ಉಪ್ಪುನೀರನ್ನು ಪಂಪ್ ಮಾಡಿ ಗದ್ದೆಗೆ ಬಿಟ್ಟು, ದಿನವೂ ಮರದ ಹಲುಬೆಯಿಂದ ಕೆದಕುತ್ತಾ ಹರಳು ಕಟ್ಟಿಸುತ್ತಾರೆ. ಮೊದಲು ದುಡಿಮೆಯ ದೊಡ್ಡ ಪಾಲು ಡೀಸೆಲ್‌ಗೇ ಹೋಗುತ್ತಿತ್ತು. ಈಗ ಸೋಲಾರ್ ಪಂಪುಗಳು ಬಂದಿವೆ. ಬೆಳೆದವರಿಗೆ ಸಿಗುವ ಬೆಲೆ ಎಷ್ಟು, ಪ್ಯಾಕೆಟ್ಟಿನ ಬೆಲೆ ಎಷ್ಟು ಅಂತ ಅವರ ಬಾಯಲ್ಲೇ ಕೇಳಿ. ನಮ್ಮ ಬೆಳೆಗಾರರಿಗೆ ಭಾಷೆ ಬಾರದಿದ್ದರೂ ಆ ಕಥೆ ಅರ್ಥವಾಗುತ್ತದೆ. ಕಾಡುಕತ್ತೆಗಳೂ ಅಲ್ಲೇ, 1973ರಿಂದ ಅದು ಅವುಗಳ ಅಭಯಾರಣ್ಯ.

ಉಳಿದದ್ದು ನಿಮಗೆ ಗೊತ್ತಿರುವ ದಾರಿಯೇ. ಖಾವ್ಡಾದಿಂದ ಧೋಲಾವೀರಾಕ್ಕೆ ರಣ್ ಸೀಳಿಕೊಂಡು ಹೋಗುವ ರಸ್ತೆ ಬಂದಮೇಲೆ ಭಚಾವ್, ರಾಪರ್ ಸುತ್ತುವ ಕಷ್ಟ ತಪ್ಪಿದೆ. ಕಾಳಾ ಡುಂಗರ್‌ಗೂ ಹತ್ತಿಸುತ್ತೇವೆ. 1,930 ಮೀಟರಿನ ಮುಳ್ಳಯ್ಯನಗಿರಿ ಕೆಳಗೆ ಹುಟ್ಟಿದವರಿಗೆ 462 ಮೀಟರಿನ ಕಚ್ಛ್‌ನ ಅತಿ ಎತ್ತರದ ಗುಡ್ಡ ಅಂದರೆ ನಗು ಬರಬಹುದು, ಮೇಲೆ ನಿಂತು ಉತ್ತರಕ್ಕೆ ನೋಡಿದ ಮೇಲೆ ನಗುವುದಿಲ್ಲ. 2026ರ ಜನವರಿ 26ಕ್ಕೆ ಭೂಕಂಪಕ್ಕೆ 25 ವರ್ಷ. ಭುಜ್‌ನಲ್ಲಿ ಅದರ ಸ್ಮಾರಕವಾದ ಸ್ಮೃತಿವನಕ್ಕೆ ಅರ್ಧ ದಿನ ಇಟ್ಟಿದ್ದೇವೆ.

ಹುಣ್ಣಿಮೆ ರಾತ್ರಿಯೇ ಬೇಕು ಅನ್ನುವವರಿಗೆ: ಹುಣ್ಣಿಮೆಯ ದಿನ ಅಲ್ಲಿ ಜಾತ್ರೆ, ಬಾಡಿಗೆಯೂ ಜಾತ್ರೆಯದ್ದೇ. ನಾವು ದ್ವಾದಶಿ, ತ್ರಯೋದಶಿಗೆ ಹೋಗುತ್ತೇವೆ. ಸೂರ್ಯ ಮುಳುಗುವ ಮೊದಲೇ ಚಂದ್ರ ಮೇಲೆ ಬಂದಿರುತ್ತಾನೆ, ಉಪ್ಪಿನ ಮೇಲೆ ಕತ್ತಲೆಯೇ ಆಗುವುದಿಲ್ಲ, ಜನವೂ ಕಡಿಮೆ. ಮೊದಲ ತಂಡ 2026ರ ಫೆಬ್ರವರಿ 1ರ ಹುಣ್ಣಿಮೆಗೆ ಮುಂಚೆ, ಎರಡನೆಯದು ಮಾರ್ಚ್ 3ರದ್ದಕ್ಕೆ ಮುಂಚೆ.

ಕಾಫಿ ಕೊಯ್ಲಿನ ಹೊತ್ತಲ್ಲಿ ಟೂರ್ ಇಟ್ಟಿದ್ದೀರಿ ಅಂತ ಈಗಾಗಲೇ ಮೂರು ಫೋನ್ ಬಂದಿವೆ. ಅರೇಬಿಕಾ ಕಾಫಿ ಬೆಳೆಯುವವರು ಜನವರಿ ಕೊನೆಗೆ ಕೈ ತೊಳೆದುಕೊಂಡಿರುತ್ತೀರಿ ಅಂತ ಮೊದಲ ತಂಡ ನಿಮಗೆ. ರೊಬಸ್ಟಾ ಕಾಫಿಯವರಿಗೆ ಎರಡನೆಯದು. ಆಗ ತೋಟಕ್ಕೆ ಸ್ಪ್ರಿಂಕ್ಲರ್‌ನಲ್ಲಿ ನೀರು ಹೊಡೆಯುವ ಕೆಲಸ ಅಂತೀರಿ, ಗೊತ್ತು. ಮಾರ್ಚ್ ದಾಟಿದರೆ ಅಲ್ಲಿಯ ಬಿಸಿಲಿಗೆ ಹಿರಿಯರನ್ನು ಕರೆದೊಯ್ಯುವ ಧೈರ್ಯ ನನಗಿಲ್ಲ. ಮೇಷ್ಟ್ರುಗಳ ವಿಷಯದಲ್ಲಿ ಮಾತ್ರ ನನ್ನ ಬಳಿ ಉತ್ತರವಿಲ್ಲ. ದೀಪಾವಳಿ ತಂಡ ತುಂಬುತ್ತಿದ್ದದ್ದೇ ನಿಮ್ಮಿಂದ. ಜನವರಿ, ಫೆಬ್ರವರಿಯಲ್ಲಿ ಹತ್ತನೇ ತರಗತಿ ಬಿಟ್ಟು ನೀವು ಬರಲಾಗುವುದಿಲ್ಲ. ಡಿಸೆಂಬರ್ ಕೊನೆಯ ವಾರ ಅಲ್ಲಿ ಕೇಳುವ ಬಾಡಿಗೆಯನ್ನು ನಿಮಗೆ ಹೇಳಲು ನನಗೇ ನಾಚಿಕೆ. ನಿಮ್ಮನ್ನು ಕಳೆದುಕೊಳ್ಳುತ್ತಿದ್ದೇವೆ ಅಂತ ತಿಳಿದೇ ಈ ನಿರ್ಧಾರ ಮಾಡಿದ್ದು.

ಒಂದು ಮಾತು ಬರೆದುಕೊಡುತ್ತೇನೆ. ಹೊರಡುವ ಹತ್ತು ದಿನ ಮೊದಲು ಅಲ್ಲಿಂದ ಅವತ್ತಿನ ಉಪ್ಪಿನ ವಿಡಿಯೋ ತರಿಸಿ ಎಲ್ಲರಿಗೂ ಕಳಿಸುತ್ತೇವೆ, ಚೆನ್ನಾಗಿದ್ದರೂ ಇಲ್ಲದಿದ್ದರೂ. ವಿಡಿಯೋ ಕಳಿಸುವುದು ಆ ಚಾಲಕರು, ಏಜೆಂಟರಲ್ಲ. ನೋಡಿ ಬೇಡ ಅನಿಸಿದವರಿಗೆ ರೈಲು ಕಡಿತ ಬಿಟ್ಟು ಉಳಿದದ್ದೆಲ್ಲ ವಾಪಸ್. ರೂಮಿನ ಮುಂಗಡದ ನಷ್ಟ ನಮಗಿರಲಿ.

ಈ ದೀಪಾವಳಿಗೆ ಅಂತ 2,000 ಕೊಟ್ಟು ಹೆಸರು ಬರೆಸಿದ್ದ ಏಳು ಮನೆಯವರು ಈ ತಿಂಗಳೊಳಗೆ ಬಂದು ತೆಗೆದುಕೊಂಡು ಹೋಗಿ, ಅಥವಾ ಜನವರಿಗೆ ಹಾಕಿಡಿ ಅಂತ ಒಂದು ಫೋನ್ ಮಾಡಿ. ಸಂಜೆ ಐದರ ಮೇಲೆ ನಾನೇ ಇರುತ್ತೇನೆ, ಭಾನುವಾರ ಅಣ್ಣ ಇರುತ್ತಾರೆ. ಹಳೆಯ ಅಡುಗೆಯವರೇ ಬರುತ್ತಾರೆ, ಸಾರಿನ ಪುಡಿ ಇಲ್ಲಿಂದಲೇ, ಮೂರನೇ ದಿನ ಬಾಜ್ರಾ ರೊಟ್ಟಿ ಬೇಸರ ಬಂದವರಿಗೆ ಅನ್ನ ಇದ್ದೇ ಇರುತ್ತದೆ. ಫಿಲ್ಟರ್ ಕಾಫಿಯೂ ಇದೆ. ಬನ್ನಿ ಎಮ್ಮೆ ಹಾಲಿಗೆ ಡಿಕಾಕ್ಷನ್ ಸ್ವಲ್ಪ ಜಾಸ್ತಿ ಹಾಕಬೇಕು ಅಂತ ಅವರಿಗೆ ಈಗ ಅಂದಾಜು ಸಿಕ್ಕಿದೆ.

ಇಂತಿ,
ನಿಮ್ಮ ಟೂರಿನವರು
ಚಿಕ್ಕಮಗಳೂರು